ಹಳೆಯದನ್ನು ಕೆಡಿಸದೆ ಹೊಸ ಆವೃತ್ತಿ ಹೊರತರುವುದು ಹೇಗೆ: ತಂತ್ರಾಂಶ ಯೋಜನೆಗಳಿಗೆ ಸಮಗ್ರ ಮಾರ್ಗದರ್ಶಿ

ಈಗಾಗಲೇ ಬಳಕೆಯಲ್ಲಿರುವ ತಂತ್ರಾಂಶವೊಂದನ್ನು ನಿರ್ವಹಿಸುತ್ತಿರುವವರಿಗಾಗಿ ಈ ಮಾರ್ಗದರ್ಶಿ. ಪ್ರತಿ ಅಪ್‌ಡೇಟ್‌ನಲ್ಲಿಯೂ ಒಂದು ದೋಷ ಸರಿಹೋಗಿ ಇನ್ನೊಂದು ಹುಟ್ಟಿಕೊಳ್ಳುತ್ತಿದ್ದರೆ, ಬಿಡುಗಡೆಯ ಮರುದಿನವೇ ತುರ್ತು ತಿದ್ದುಪಡಿ ಕಳುಹಿಸಬೇಕಾಗುತ್ತಿದ್ದರೆ, ಅಥವಾ ಬಳಕೆದಾರರು ‘ಹಳೆಯದೇ ಇರಲಿ ಬಿಡಿ’ ಎಂದು ಅಪ್‌ಡೇಟ್ ಮಾಡಿಕೊಳ್ಳಲು ಹಿಂಜರಿಯುತ್ತಿದ್ದರೆ, ತೊಂದರೆ ಸಾಮಾನ್ಯವಾಗಿ ಕೋಡ್ ಬರೆಯುವ ಕೌಶಲದಲ್ಲಿ ಇರುವುದಿಲ್ಲ. ಕೆಲಸಗಳನ್ನು ಮಾಡುವ ಕ್ರಮದಲ್ಲಿ ಇರುತ್ತದೆ.

ಎಡವುವ ಜಾಗವೂ ಬಹುತೇಕ ಒಂದೇ. ಹೊಸ ಆವೃತ್ತಿಯನ್ನು ಖಾಲಿ ಯಂತ್ರವೊಂದರಲ್ಲಿ ಸ್ಥಾಪಿಸಿ, ಎಲ್ಲವೂ ನಡೆಯುತ್ತಿದೆ ಎಂದು ನೋಡಿಕೊಂಡು ಬಿಡುಗಡೆ ಮಾಡಿಬಿಡುತ್ತಾರೆ. ಆದರೆ ಬಳಕೆದಾರರ ಯಂತ್ರ ಖಾಲಿ ಇರುವುದಿಲ್ಲ. ಅಲ್ಲಿ ಹಳೆಯ ಆವೃತ್ತಿ, ವರ್ಷಗಳಿಂದ ಕೂಡಿಬಂದ ದತ್ತಾಂಶ, ಅವರೇ ಬದಲಿಸಿಕೊಂಡ ಸೆಟ್ಟಿಂಗ್‌ಗಳು ಇರುತ್ತವೆ. ಅವರ ಕೈಗೆ ನಾವು ಕೊಡುವುದು ಹಳೆಯದರಿಂದ ಹೊಸದಕ್ಕೆ ದಾಟುವ ದಾರಿಯನ್ನು. ಕೆಳಗಿನ ಹಂತಗಳೆಲ್ಲ ಆ ದಾರಿಯನ್ನು ಭದ್ರಪಡಿಸುವ ಉದ್ದೇಶದಿಂದಲೇ ಈ ಕ್ರಮದಲ್ಲಿವೆ.

## ಆರಂಭಕ್ಕೆ ಮುನ್ನ ಕೈಯಲ್ಲಿರಬೇಕಾದವು

ಕೋಡ್‌ನ ಪ್ರತಿಯೊಂದು ಬದಲಾವಣೆಯನ್ನೂ ದಾಖಲಿಸುವ ಗಿಟ್‌ನಂತಹ ವ್ಯವಸ್ಥೆ, ದೂರುಗಳನ್ನೂ ಕೋರಿಕೆಗಳನ್ನೂ ಒಂದೇ ಕಡೆ ಬರೆದಿಡುವ ಪಟ್ಟಿ, ತಾನಾಗಿ ಓಡುವ ಒಂದಷ್ಟು ಪರೀಕ್ಷೆಗಳು, ಮತ್ತು ನೈಜ ದತ್ತಾಂಶವನ್ನು ಹೋಲುವ ಪ್ರತಿಯಿರುವ ಪ್ರಯೋಗದ ಪರಿಸರ, ಇವಿಷ್ಟು ಬೇಕು. ನೈಜ ದತ್ತಾಂಶವನ್ನೇ ನಕಲು ಮಾಡುವುದಾದರೆ ಹೆಸರು, ದೂರವಾಣಿ ಸಂಖ್ಯೆಯಂತಹ ಖಾಸಗಿ ವಿವರಗಳನ್ನು ಮೊದಲೇ ಅಳಿಸಿ ಬೇರೆ ಅಕ್ಷರಗಳಿಂದ ತುಂಬಬೇಕು.

ಇವುಗಳ ಜೊತೆಗೆ ಒಂದು ಬ್ಯಾಕಪ್ ಬೇಕು. ಅದೂ ಒಮ್ಮೆಯಾದರೂ ಮರುಸ್ಥಾಪಿಸಿ ನೋಡಿದ ಬ್ಯಾಕಪ್ ಆಗಿರಬೇಕು. ಪ್ರತಿ ರಾತ್ರಿ ತಪ್ಪದೆ ಉಳಿಯುತ್ತಿರುವ ಫೈಲ್ ತೆರೆಯಲು ಬಾರದು ಎಂಬುದು ಅವಘಡದ ದಿನವೇ ತಿಳಿಯುವುದು ತೀರ ಸಾಮಾನ್ಯ. ಮರುಸ್ಥಾಪನೆಗೆ ಎಷ್ಟು ಹೊತ್ತು ಹಿಡಿಯುತ್ತದೆ ಎಂಬುದನ್ನೂ ಬರೆದಿಟ್ಟುಕೊಳ್ಳಿ, ಆರನೆಯ ಹಂತದಲ್ಲಿ ಅದು ಬೇಕಾಗುತ್ತದೆ.

## ಹಂತ 1: ಈಗಿನ ಸ್ಥಿತಿಗೆ ಗುರುತು ಹಾಕಿ

ಬಳಕೆದಾರರ ಬಳಿ ಈಗಿರುವ ಆವೃತ್ತಿ ಯಾವ ಕೋಡ್‌ನಿಂದ ತಯಾರಾಯಿತು ಎಂಬುದನ್ನು ಖಚಿತವಾಗಿ ತೋರಿಸಲು ಸಾಧ್ಯವಾಗದಿದ್ದರೆ ಮುಂದಿನ ಯಾವ ಕೆಲಸಕ್ಕೂ ಕೈಹಾಕಬೇಡಿ. ಗಿಟ್‌ನಲ್ಲಿ ಆ ಕಮಿಟ್‌ಗೆ (ದಾಖಲಾದ ಬದಲಾವಣೆಗೆ) ಟ್ಯಾಗ್ ಎಂಬ ಹೆಸರಿನ ಗುರುತು ಹಾಕಿ, ಆ ಟ್ಯಾಗ್‌ನಿಂದಲೇ ಮತ್ತೊಮ್ಮೆ ಬಿಲ್ಡ್ ಮಾಡಿ (ಅಂದರೆ ಕೋಡ್‌ನಿಂದ ಓಡಿಸಬಲ್ಲ ತಂತ್ರಾಂಶ ತಯಾರಿಸಿ), ಬಂದದ್ದು ಬಳಕೆದಾರರ ಬಳಿಯಿರುವಂತೆಯೇ ವರ್ತಿಸುತ್ತದೆಯೇ ಎಂದು ನೋಡಿ. ಕಮಿಟ್ ಮಾಡದೆ ಯಾರದೋ ಲ್ಯಾಪ್‌ಟಾಪ್‌ನಲ್ಲಿ ಉಳಿದ ಒಂದೆರಡು ಸಾಲುಗಳೊಂದಿಗೆ ಬಿಲ್ಡ್ ಆದ ಆವೃತ್ತಿಗಳು ಪತ್ತೆಯಾಗುವುದು ಈ ಹಂತದಲ್ಲಿಯೇ. ಒಮ್ಮೆ ಹೊರಹೋದ ಆವೃತ್ತಿಯ ಟ್ಯಾಗ್ ಅನ್ನು ಯಾವ ಕಾರಣಕ್ಕೂ ಬೇರೆ ಕಮಿಟ್‌ಗೆ ಸರಿಸಬಾರದು. ಸಣ್ಣ ತಪ್ಪಿದ್ದರೂ ಹೊಸ ಸಂಖ್ಯೆ ಕೊಟ್ಟು ಹೊಸದಾಗಿ ಬಿಡುಗಡೆ ಮಾಡಬೇಕು.

ನೀವು ಅವಲಂಬಿಸಿರುವ ಹೊರಗಿನ ಲೈಬ್ರರಿಗಳ (ಬೇರೆಯವರು ಬರೆದ ಸಿದ್ಧ ಕೋಡ್‌ಗಳ) ನಿಖರ ಆವೃತ್ತಿಗಳನ್ನು ಅವುಗಳನ್ನು ಪಟ್ಟಿ ಮಾಡುವ ಲಾಕ್ ಫೈಲ್‌ನಲ್ಲಿ ಹಿಡಿದಿಡಿ, ಸಾಧ್ಯವಾದರೆ ಅವುಗಳ ಪ್ರತಿಗಳನ್ನೂ ನಿಮ್ಮಲ್ಲಿ ಇಟ್ಟುಕೊಳ್ಳಿ. 2016ರ ಮಾರ್ಚ್‌ನಲ್ಲಿ ‘ಲೆಫ್ಟ್-ಪ್ಯಾಡ್’ ಎಂಬ 11 ಸಾಲುಗಳ ಪ್ಯಾಕೇಜನ್ನು ಅದರ ಕರ್ತೃ ಜಾವಾಸ್ಕ್ರಿಪ್ಟ್ ಪ್ಯಾಕೇಜ್‌ಗಳ ಎನ್‌ಪಿಎಂ ಭಂಡಾರದಿಂದ ತೆಗೆದುಹಾಕಿದಾಗ, ಅದನ್ನು ನೇರವಾಗಿ ಬಳಸದ ಯೋಜನೆಗಳ ಬಿಲ್ಡ್‌ಗಳೂ ನಿಂತುಹೋದವು. ಸಂಖ್ಯೆಯನ್ನು ಬರೆದಿಟ್ಟುಕೊಂಡ ಮಾತ್ರಕ್ಕೆ ಆ ವಸ್ತು ನಾಳೆಯೂ ಅಲ್ಲಿಯೇ ಇರುತ್ತದೆ ಎಂದಾಗುವುದಿಲ್ಲ.

## ಹಂತ 2: ಮುಂದಿನ ಆವೃತ್ತಿಯ ಗಡಿಯನ್ನು ಮೊದಲೇ ಎಳೆಯಿರಿ

ದೂರುಗಳ ಪಟ್ಟಿಯನ್ನು ಬಂದ ಕ್ರಮದಲ್ಲಿ ಅಥವಾ ಯಾರ ದನಿ ದೊಡ್ಡದು ಎಂಬ ಕ್ರಮದಲ್ಲಿ ಎತ್ತಿಕೊಳ್ಳಬಾರದು. ದತ್ತಾಂಶ ಕಳೆದುಹೋಗುವ ಅಥವಾ ಸೋರುವ ದೋಷಗಳು ಎಲ್ಲಕ್ಕಿಂತ ಮೊದಲು. ಅನಂತರ ಬಳಕೆದಾರರ ಕೆಲಸವನ್ನೇ ನಿಲ್ಲಿಸುವಂಥವು. ಆಮೇಲೆ ಕೆಲಸ ಸಾಗಿದರೂ ಕಿರಿಕಿರಿ ಕೊಡುವಂಥವು. ಹೊಸ ಸೌಲಭ್ಯಗಳು ಕೊನೆಗೆ. ಒಳರಚನೆಯನ್ನು ದೊಡ್ಡದಾಗಿ ಬದಲಿಸುವ ಕೆಲಸವಿದ್ದರೆ ಅದಕ್ಕೆ ಪ್ರತ್ಯೇಕ ಆವೃತ್ತಿಯನ್ನೇ ಮೀಸಲಿಡಬೇಕು, ಏಕೆಂದರೆ ಹೊಸ ಸೌಲಭ್ಯದೊಡನೆ ಅದನ್ನು ಬೆರೆಸಿದಾಗ ಏನಾದರೂ ಕೆಟ್ಟರೆ ಎರಡರಲ್ಲಿ ಯಾವುದು ಕಾರಣವೆಂದು ಬಿಡಿಸಿ ಹೇಳಲು ಆಗುವುದಿಲ್ಲ.

ದಿನಾಂಕವನ್ನು ನಿಗದಿ ಮಾಡಿ ಅದಕ್ಕೆ ಸಿದ್ಧವಾದದ್ದನ್ನು ಮಾತ್ರ ಸೇರಿಸುವುದೇ ಮೇಲು ಎಂಬುದು ನನ್ನ ಅಭಿಪ್ರಾಯ. ಲಿನಕ್ಸ್ ಕರ್ನಲ್ (ಆ ಕಾರ್ಯಾಚರಣಾ ವ್ಯವಸ್ಥೆಯ ತಿರುಳು) ಯೋಜನೆಯಲ್ಲಿ ಹೊಸ ಬದಲಾವಣೆಗಳನ್ನು ಸೇರಿಸಿಕೊಳ್ಳುವ ಬಾಗಿಲು ಎರಡು ವಾರ ಮಾತ್ರ ತೆರೆದಿರುತ್ತದೆ. ಆಮೇಲೆ ವಾರಕ್ಕೊಂದರಂತೆ ‘ಆರ್‌ಸಿ’ (ರಿಲೀಸ್ ಕ್ಯಾಂಡಿಡೇಟ್, ಅಂದರೆ ಬಿಡುಗಡೆಗೆ ಅಭ್ಯರ್ಥಿ) ಆವೃತ್ತಿಗಳು ಬರುತ್ತವೆ, ಅವುಗಳಲ್ಲಿ ತಿದ್ದುಪಡಿಗಳಿಗಷ್ಟೇ ಜಾಗ, ಮತ್ತು ಸಾಮಾನ್ಯವಾಗಿ ಏಳನೆಯ ಅಥವಾ ಎಂಟನೆಯ ಆರ್‌ಸಿಯ ನಂತರ ಅಂತಿಮ ಬಿಡುಗಡೆಯಾಗುತ್ತದೆ. ಈ ಕ್ರಮದ ದೊಡ್ಡ ಲಾಭವೆಂದರೆ, ಮುಂದಿನ ಅವಕಾಶ ಯಾವಾಗ ಎಂಬುದು ಎಲ್ಲರಿಗೂ ಗೊತ್ತಿರುವುದರಿಂದ ಅರೆಬೆಂದ ಕೋಡ್ ಅನ್ನು ಕೊನೆಯ ಗಳಿಗೆಯಲ್ಲಿ ತುರುಕುವ ಒತ್ತಡ ಇಲ್ಲವಾಗುತ್ತದೆ. ‘ಇದೊಂದನ್ನು ಸೇರಿಸಿಬಿಡೋಣ’ ಎಂಬ ಮಾತು ಬಿಡುಗಡೆಯ ವಾರದಲ್ಲಿ ಕೇಳಿಬಂದರೆ, ಆ ಒಂದನ್ನು ಮುಂದಿನ ಆವೃತ್ತಿಗೆ ಸರಿಸುವುದೇ ಸರಿ.

## ಹಂತ 3: ಸಂಖ್ಯೆಯ ಮೂಲಕ ಅಪಾಯವನ್ನು ತಿಳಿಸಿ

ಸೆಮ್ಯಾಂಟಿಕ್ ವರ್ಷನಿಂಗ್ ಪದ್ಧತಿಯಲ್ಲಿ 2.4.1 ಎಂಬ ಸಂಖ್ಯೆಯ ಮೂರು ಭಾಗಗಳಿಗೂ ಬೇರೆ ಬೇರೆ ಅರ್ಥವಿದೆ. ಹಳೆಯ ಬಳಕೆಯನ್ನು ಮುರಿಯುವ ಬದಲಾವಣೆಗೆ ಮೊದಲ ಅಂಕಿ, ಹಳೆಯದನ್ನು ಉಳಿಸಿಕೊಂಡು ಹೊಸದನ್ನು ಸೇರಿಸಿದಾಗ ಎರಡನೆಯದು, ಬರೀ ದೋಷ ನಿವಾರಣೆಗೆ ಮೂರನೆಯದು ಏರಬೇಕು. ಬೇರೆಯವರ ಕೋಡ್ ನಿಮ್ಮದನ್ನು ನೆಚ್ಚಿಕೊಂಡಿದ್ದರೆ ಈ ಪದ್ಧತಿ ಬಿಡಬೇಡಿ. ಜನ ನೇರವಾಗಿ ಬಳಸುವ ಉತ್ಪನ್ನಕ್ಕೆ ಉಬುಂಟು ಕಾರ್ಯಾಚರಣಾ ವ್ಯವಸ್ಥೆಯಂತೆ ವರ್ಷ ಮತ್ತು ತಿಂಗಳನ್ನು ಹೇಳುವ ಸಂಖ್ಯೆಯೂ ಸಾಕು; ಅಲ್ಲಿ 24.04 ಎಂದರೆ 2024ರ ಏಪ್ರಿಲ್.

ಎರಡು ತಪ್ಪುಗಳು ಪದೇ ಪದೇ ಕಾಣುತ್ತವೆ. 1.9ರ ನಂತರ ಬರುವುದು 1.10, ಆದರೆ ಆವೃತ್ತಿಗಳನ್ನು ಅಕ್ಷರಗಳಂತೆ ಹೋಲಿಸುವ ಕೋಡ್ 1.10 ಅನ್ನು 1.9ಕ್ಕಿಂತ ಹಳೆಯದೆಂದು ತಿಳಿದು ಅಪ್‌ಡೇಟ್ ತೋರಿಸುವುದೇ ಇಲ್ಲ. ಇನ್ನೊಂದು ಆಂಡ್ರಾಯ್ಡ್‌ಗೆ ಸಂಬಂಧಿಸಿದ್ದು: ಅಲ್ಲಿ ಬಳಕೆದಾರರಿಗೆ ಕಾಣುವ ಹೆಸರಿನ ಹಿಂದೆ ಪ್ರತ್ಯೇಕವಾದ ಒಂದು ಪೂರ್ಣಾಂಕವಿದ್ದು, ಅಪ್‌ಡೇಟ್‌ನಿಂದ ಅಪ್‌ಡೇಟ್‌ಗೆ ಅದು ಏರುತ್ತಲೇ ಇರಬೇಕು, ಆದರೆ ಅದನ್ನು ಏರಿಸಲು ಮರೆಯುತ್ತಾರೆ.

## ಹಂತ 4: ಬದಲಾವಣೆಗಳನ್ನು ಬಿಡಿಬಿಡಿಯಾಗಿ ಬರೆಯಿರಿ

ಒಂದು ಕಮಿಟ್‌ನಲ್ಲಿ ಒಂದೇ ಉದ್ದೇಶವಿರಲಿ. ದೋಷವೊಂದನ್ನು ಸರಿಪಡಿಸುವ ಮುನ್ನ ಆ ದೋಷವನ್ನು ಹಿಡಿದು ತೋರಿಸುವ, ಅಂದರೆ ಸದ್ಯಕ್ಕೆ ವಿಫಲವಾಗುವ ಪರೀಕ್ಷೆಯನ್ನು ಬರೆಯಿರಿ. ತಿದ್ದಿದ ಮೇಲೆ ಅದು ತೇರ್ಗಡೆಯಾದರೆ ಮಾತ್ರ ದೋಷ ಹೋಯಿತು ಎನ್ನಬಹುದು, ಮತ್ತು ಅದೇ ದೋಷ ಮರಳಿ ಬಂದರೆ ಆ ಪರೀಕ್ಷೆಯೇ ಎಚ್ಚರಿಸುತ್ತದೆ. ಕಮಿಟ್‌ಗಳು ಸಣ್ಣದಾಗಿದ್ದರೆ ಗಿಟ್ ಬೈಸೆಕ್ಟ್ ಎಂಬ ಸಾಧನದಿಂದ ದೋಷದ ಮೂಲವನ್ನು ಹುಡುಕುವುದೂ ಸುಲಭ: ಪ್ರತಿ ಬಾರಿ ಅರ್ಧಕ್ಕೆ ಸೀಳುತ್ತಾ ಹೋಗುವುದರಿಂದ 1000 ಕಮಿಟ್‌ಗಳ ನಡುವೆ ತಪ್ಪು ನುಸುಳಿದ್ದು ಎಲ್ಲಿ ಎಂಬುದು ಸುಮಾರು 10 ಪರೀಕ್ಷೆಗಳಲ್ಲಿ ತಿಳಿಯುತ್ತದೆ.

ಹೊಸ ಸೌಲಭ್ಯವನ್ನು ಸ್ವಿಚ್‌ನ (ಅದನ್ನು ತೆರೆಯುವ, ಮುಚ್ಚುವ ಸೆಟ್ಟಿಂಗ್‌ನ) ಹಿಂದೆ ಅಡಗಿಸಿಟ್ಟು ಬೇಕಾದಾಗ ತೆರೆಯುವ ವಿಧಾನ ಒಳ್ಳೆಯದೇ, ಆದರೆ ಕೆಲಸ ಮುಗಿದ ಸ್ವಿಚ್ಚನ್ನೂ ಅದರ ಹಿಂದಿನ ಸತ್ತ ಕೋಡನ್ನೂ ತೆಗೆದುಹಾಕಲೇಬೇಕು. 2012ರ ಆಗಸ್ಟ್ 1ರಂದು ಅಮೆರಿಕದ ಷೇರು ವಹಿವಾಟು ಸಂಸ್ಥೆ ನೈಟ್ ಕ್ಯಾಪಿಟಲ್ ಹಳೆಯದೊಂದು ಸ್ವಿಚ್ಚನ್ನು ಹೊಸ ಕೆಲಸಕ್ಕೆ ಮರುಬಳಸಿತ್ತು. ಎಂಟು ಸರ್ವರ್‌ಗಳ ಪೈಕಿ ಒಂದಕ್ಕೆ ಹೊಸ ಕೋಡ್ ತಲುಪಿರಲಿಲ್ಲವಾದ್ದರಿಂದ ಅಲ್ಲಿ ವರ್ಷಗಳ ಹಿಂದೆ ಕೈಬಿಟ್ಟಿದ್ದ ಕೋಡ್ ಜೀವ ಪಡೆದು, ಸುಮಾರು 45 ನಿಮಿಷಗಳಲ್ಲಿ 44 ಕೋಟಿ ಡಾಲರ್‌ಗೂ ಹೆಚ್ಚಿನ ನಷ್ಟ ತಂದಿತು. ಸ್ವಿಚ್‌ನ ಹೆಸರನ್ನು ಮರುಬಳಸಬಾರದು, ಮತ್ತು ಎಲ್ಲ ಸರ್ವರ್‌ಗಳಲ್ಲಿಯೂ ಒಂದೇ ಆವೃತ್ತಿ ಓಡುತ್ತಿದೆಯೇ ಎಂಬುದನ್ನು ಮನುಷ್ಯರ ನೆನಪಿಗೆ ಬಿಡದೆ ಯಂತ್ರದಿಂದಲೇ ಪರಿಶೀಲಿಸಬೇಕು.

## ಹಂತ 5: ದತ್ತಾಂಶವನ್ನು ಮೂರು ಹೆಜ್ಜೆಗಳಲ್ಲಿ ದಾಟಿಸಿ

ಅತಿ ಹೆಚ್ಚು ಅಪ್‌ಡೇಟ್‌ಗಳು ಕೆಡುವುದು ಇಲ್ಲಿಯೇ, ಹಾಗಾಗಿ ಇದನ್ನು ನಿಧಾನವಾಗಿ ಓದಿ. ಕೋಡನ್ನು ಹಿಂದಕ್ಕೆ ಪಡೆಯಬಹುದು. ರೂಪ ಬದಲಿಸಿದ ದತ್ತಾಂಶವನ್ನು ಹಾಗೆ ಸಲೀಸಾಗಿ ಹಿಂದಕ್ಕೆ ಪಡೆಯಲು ಆಗುವುದಿಲ್ಲ.

ಗ್ರಾಹಕರ ಟೇಬಲ್‌ನಲ್ಲಿ ದೂರವಾಣಿ ಸಂಖ್ಯೆಗೆ ಒಂದೇ ಕಾಲಂ ಇದೆ, ಇನ್ನು ಮುಂದೆ ಒಬ್ಬರಿಗೆ ಹಲವು ಸಂಖ್ಯೆಗಳನ್ನು ಇಡಲು ಅವಕಾಶ ಕೊಡಬೇಕು ಎಂದುಕೊಳ್ಳಿ. ಹೊಸ ಟೇಬಲ್ ರಚಿಸಿ, ಸಂಖ್ಯೆಗಳನ್ನು ಅಲ್ಲಿಗೆ ಸಾಗಿಸಿ, ಹಳೆಯ ಕಾಲಂ ಅಳಿಸುವ ಮೂರೂ ಕೆಲಸಗಳನ್ನು ಒಂದೇ ಅಪ್‌ಡೇಟ್‌ನಲ್ಲಿ ಮುಗಿಸಲು ಮನಸ್ಸಾಗುತ್ತದೆ. ಹಾಗೆ ಮಾಡಿದರೆ, ಬಿಡುಗಡೆ ನಡೆಯುತ್ತಿರುವ ಹೊತ್ತಿನಲ್ಲಿ ಇನ್ನೂ ಓಡುತ್ತಿರುವ ಹಳೆಯ ಕೋಡ್ ಇಲ್ಲದ ಕಾಲಂ ಅನ್ನು ಹುಡುಕಿ ಬೀಳುತ್ತದೆ. ಹೊಸದರಲ್ಲಿ ದೋಷ ಕಂಡು ಹಿಂದಿನ ಆವೃತ್ತಿಗೆ ಮರಳೋಣವೆಂದರೆ ಅದಕ್ಕೆ ಬೇಕಾದ ಕಾಲಂ ಆಗಲೇ ಅಳಿದಿರುತ್ತದೆ.

ಸರಿಯಾದ ಕ್ರಮ ಹೀಗಿದೆ. ಮೊದಲ ಆವೃತ್ತಿಯಲ್ಲಿ ಹೊಸ ಟೇಬಲ್ ಸೇರಿಸಿ, ಬರೆಯುವಾಗ ಹಳೆಯ ಮತ್ತು ಹೊಸ ಎರಡೂ ಕಡೆ ಬರೆಯಿರಿ, ಓದುವುದನ್ನು ಮಾತ್ರ ಹಳೆಯದರಿಂದಲೇ ಮುಂದುವರಿಸಿ. ಈ ನಡುವೆ ಹಿಂದಿನ ದಾಖಲೆಗಳನ್ನು ಸಣ್ಣ ಸಣ್ಣ ಕಂತುಗಳಲ್ಲಿ ಹೊಸ ಟೇಬಲ್‌ಗೆ ತುಂಬಿ, ಎರಡೂ ಕಡೆ ತಾಳೆಯಾಗುತ್ತಿದೆಯೇ ಎಂದು ಲೆಕ್ಕ ಹಾಕಿ. ಎರಡನೆಯ ಆವೃತ್ತಿಯಲ್ಲಿ ಓದುವುದನ್ನು ಹೊಸದಕ್ಕೆ ಬದಲಿಸಿ, ಆದರೆ ಹಳೆಯ ಕಾಲಂಗೂ ಬರೆಯುತ್ತಿರಿ. ಕೆಲವು ಕಾಲ ದೂರುಗಳಿಲ್ಲದೆ ನಡೆದ ಮೇಲೆ, ಮೂರನೆಯ ಆವೃತ್ತಿಯಲ್ಲಿ ಹಳೆಯ ಕಾಲಂಗೆ ಬರೆಯುವುದನ್ನು ನಿಲ್ಲಿಸಿ. ಆ ಆವೃತ್ತಿ ಎಲ್ಲ ಕಡೆ ನೆಲೆಗೊಂಡದ್ದು ಖಚಿತವಾದ ಬಳಿಕವಷ್ಟೇ ಕಾಲಂ ಅನ್ನು ತೆಗೆಯಿರಿ. ನಿಧಾನವೆನಿಸಬಹುದು, ಆದರೆ ಹೀಗೆ ನಡೆದರೆ ಯಾವ ಘಟ್ಟದಲ್ಲಿಯೂ ಒಂದು ಹೆಜ್ಜೆ ಹಿಂದಕ್ಕೆ ಹೋಗುವ ಅವಕಾಶ ಉಳಿದಿರುತ್ತದೆ.

ರಚನೆಯನ್ನು ಬದಲಿಸುವ ಪ್ರತಿಯೊಂದು ಸ್ಕ್ರಿಪ್ಟ್‌ಗೂ (ಆದೇಶಗಳ ಫೈಲ್‌ಗೂ) ಕ್ರಮಸಂಖ್ಯೆ ಕೊಡಿ, ಎಲ್ಲಿಯವರೆಗೆ ಓಡಿದೆ ಎಂಬುದನ್ನು ಡೇಟಾಬೇಸ್‌ನೊಳಗೇ ಬರೆದಿಡಿ. ಎಸ್‌ಕ್ಯುಲೈಟ್ ಎಂಬ ಡೇಟಾಬೇಸ್‌ನಲ್ಲಿ ಇದಕ್ಕೆಂದೇ ‘ಯೂಸರ್ ವರ್ಷನ್’ ಎಂಬ ಸಂಖ್ಯೆಯ ಜಾಗ ಫೈಲ್‌ನ ತಲೆಭಾಗದಲ್ಲಿ ಇದೆ. ಬಳಕೆದಾರರೊಬ್ಬರು 1.2ರಿಂದ ನೇರವಾಗಿ 1.7ಕ್ಕೆ ಜಿಗಿದರೂ ನಡುವಿನ ಸ್ಕ್ರಿಪ್ಟ್‌ಗಳು ಒಂದೊಂದಾಗಿ ಓಡಬೇಕು. ಈಗಾಗಲೇ ಎಲ್ಲಿಯಾದರೂ ಓಡಿರುವ ಸ್ಕ್ರಿಪ್ಟ್ ಅನ್ನು ತಿದ್ದಬೇಡಿ, ತಿದ್ದಿದರೆ ಒಂದೇ ಸಂಖ್ಯೆಯ ಎರಡು ಬಗೆಯ ಡೇಟಾಬೇಸ್‌ಗಳು ಹುಟ್ಟುತ್ತವೆ.

ನಡುವಿನಲ್ಲಿ ವಿದ್ಯುತ್ ಹೋದರೆ ಏನಾಗುತ್ತದೆ ಎಂಬುದು ನೀವು ಬಳಸುವ ಡೇಟಾಬೇಸ್ ಮೇಲೆ ನಿಂತಿದೆ. ಪೋಸ್ಟ್‌ಗ್ರೆಸ್‌ನಲ್ಲಿ ಟೇಬಲ್ ರಚನೆಯ ಬಹುಪಾಲು ಬದಲಾವಣೆಗಳನ್ನು ಟ್ರಾನ್ಸಾಕ್ಷನ್ ಎಂಬ ಒಂದೇ ಕಟ್ಟಿನಲ್ಲಿ ಕಟ್ಟಿ, ತಪ್ಪಾದರೆ ಪೂರ್ತಿ ರದ್ದುಮಾಡಬಹುದು. ಮೈಎಸ್‌ಕ್ಯುಎಲ್‌ನಲ್ಲಿ ಅಂತಹ ಆದೇಶಗಳು ತಮ್ಮಷ್ಟಕ್ಕೇ ಖಾಯಂ ಆಗಿಬಿಡುವುದರಿಂದ ಅರ್ಧ ಬದಲಾದ ಸ್ಥಿತಿಯಲ್ಲಿ ನಿಲ್ಲುವ ಅಪಾಯವಿದೆ. ಅಲ್ಲಿ ಒಂದು ಸ್ಕ್ರಿಪ್ಟ್‌ಗೆ ಒಂದೇ ಆದೇಶ ಇಡುವುದು ಕ್ಷೇಮ.

ನಿಮ್ಮ ತಂತ್ರಾಂಶ ತನ್ನದೇ ಫೈಲ್‌ಗಳನ್ನು ಉಳಿಸುವುದಾದರೆ ಫೈಲ್‌ನೊಳಗೆ ಮೊದಲ ದಿನದಿಂದಲೇ ಸ್ವರೂಪದ ಆವೃತ್ತಿಸಂಖ್ಯೆ ಇರಲಿ. ತನಗಿಂತ ಹೊಸ ಸ್ವರೂಪದ ಫೈಲ್ ಎದುರಾದಾಗ ಹಳೆಯ ತಂತ್ರಾಂಶ ಅದನ್ನು ತೆರೆಯಲು ನಿರಾಕರಿಸಿ, ಕಾರಣವನ್ನು ತಿಳಿಸಬೇಕು. ಅರ್ಥವಾದಷ್ಟನ್ನು ಓದಿ, ಉಳಿದದ್ದನ್ನು ಬಿಟ್ಟು, ಅದರ ಮೇಲೆಯೇ ಉಳಿಸಿಬಿಡುವುದು ಬಳಕೆದಾರರ ದುಡಿಮೆಯನ್ನು ಅವರಿಗೇ ತಿಳಿಯದಂತೆ ಅಳಿಸಿದಂತೆ.

## ಹಂತ 6: ದಾಟುವ ದಾರಿಯನ್ನೂ ಮರಳುವ ದಾರಿಯನ್ನೂ ಪರೀಕ್ಷಿಸಿ

ಪ್ರಯೋಗದ ಪರಿಸರದಲ್ಲಿ ಮೊದಲು ಹಳೆಯ ಆವೃತ್ತಿಯನ್ನು ಸ್ಥಾಪಿಸಿ, ದತ್ತಾಂಶ ತುಂಬಿ, ಸೆಟ್ಟಿಂಗ್‌ಗಳನ್ನು ಬದಲಿಸಿ, ಅದರ ಮೇಲೆ ಹೊಸದನ್ನು ಹಾಕಿ ನೋಡಿ. ಹಿಂದಿನ ಆವೃತ್ತಿಯಿಂದ ಒಮ್ಮೆ, ನೀವು ಇನ್ನೂ ಬೆಂಬಲಿಸುತ್ತಿರುವ ಅತಿ ಹಳೆಯ ಆವೃತ್ತಿಯಿಂದ ಒಮ್ಮೆ, ಅಪ್‌ಡೇಟ್ ನಡೆಯುತ್ತಿರುವಾಗಲೇ ಬಲವಂತವಾಗಿ ನಿಲ್ಲಿಸಿ ಮತ್ತೆ ಆರಂಭಿಸಿ ಒಮ್ಮೆ, ಹೀಗೆ ಮೂರು ಬಗೆಯ ಪರೀಕ್ಷೆ ಆಗಲೇಬೇಕು. ಖಾಲಿ ಯಂತ್ರದ ಪರೀಕ್ಷೆಯನ್ನೂ ಬಿಡುವಂತಿಲ್ಲ, ಏಕೆಂದರೆ ನಿಮ್ಮ ಯಂತ್ರದಲ್ಲಿ ಉಳಿದಿರುವ ಹಳೆಯ ಫೈಲ್‌ಗಳು ಹೊಸಬರ ಯಂತ್ರದಲ್ಲಿ ಇರುವುದಿಲ್ಲ.

ಬಿಡುಗಡೆಗೆ ಅರ್ಹವೆನಿಸಿದ ಬಿಲ್ಡ್‌ಗೆ ಆರ್‌ಸಿ ಎಂದು ಗುರುತು ಹಾಕಿ. ಅದರಲ್ಲಿ ಒಂದು ಸಾಲು ಬದಲಾದರೂ ಹೊಸ ಆರ್‌ಸಿ ಮಾಡಿ ಪರೀಕ್ಷೆಗಳನ್ನು ಮೊದಲಿನಿಂದ ಓಡಿಸಬೇಕು. ‘ಒಂದೇ ಸಾಲಿನ ಬದಲಾವಣೆ, ಪರೀಕ್ಷೆ ಬೇಡ’ ಎಂಬ ಮಾತಿಗೆ ಒಪ್ಪಬೇಡಿ.

ಈಗ ಮರಳುವ ದಾರಿ. ಹೊಸದು ಕೆಟ್ಟರೆ ಹಿಂದಿನ ಆವೃತ್ತಿಗೆ ಮರಳುತ್ತೀರೋ, ತಿದ್ದಿದ ಇನ್ನೊಂದು ಆವೃತ್ತಿಯನ್ನು ಮುಂದಕ್ಕೆ ಕಳುಹಿಸುತ್ತೀರೋ ಎಂಬುದನ್ನು ಬಿಡುಗಡೆಗೆ ಮೊದಲೇ ತೀರ್ಮಾನಿಸಿ. ಯಾವ ಲಕ್ಷಣ ಕಂಡರೆ ಮರಳಬೇಕು, ಆ ನಿರ್ಧಾರ ಯಾರದು, ಎಷ್ಟು ನಿಮಿಷದೊಳಗೆ ಮುಗಿಯಬೇಕು, ಬ್ಯಾಕಪ್‌ನಿಂದ ಮರುಸ್ಥಾಪಿಸಲು ಹಿಡಿಯುವ ಹೊತ್ತು ಆ ಮಿತಿಯೊಳಗೆ ಬರುತ್ತದೆಯೇ, ಇವೆಲ್ಲ ಬರಹದಲ್ಲಿರಲಿ. ಮೊಬೈಲ್ ಆ್ಯಪ್‌ಗಳಿಗೆ ಈ ಮಾತು ಇನ್ನೂ ಬಿಗಿಯಾಗಿ ಅನ್ವಯಿಸುತ್ತದೆ: ಸ್ಟೋರ್‌ನಲ್ಲಿ ವಿತರಣೆಯನ್ನು ತಡೆಯಬಹುದೇ ಹೊರತು, ಈಗಾಗಲೇ ಫೋನ್ ಸೇರಿದ ಆವೃತ್ತಿಯನ್ನು ವಾಪಸು ಕರೆಯಲು ಬರುವುದಿಲ್ಲ. ಅಲ್ಲಿ ಅಪಾಯಕಾರಿ ಸೌಲಭ್ಯಗಳನ್ನು ಸರ್ವರ್ ಕಡೆಯಿಂದಲೇ ಮುಚ್ಚಬಲ್ಲ ಸ್ವಿಚ್ ಇಲ್ಲದೆ ಹೊರಬಿಡಬಾರದು.

## ಹಂತ 7: ಬದಲಾವಣೆಯ ಪಟ್ಟಿಯನ್ನು ಬಳಕೆದಾರರ ಕಣ್ಣಿನಿಂದ ಬರೆಯಿರಿ

ಕಮಿಟ್ ಸಂದೇಶಗಳನ್ನು ಹಾಗೆಯೇ ಸುರಿದರೆ ಅದು ಪಟ್ಟಿಯಾಗುವುದಿಲ್ಲ. ಅಪ್‌ಡೇಟ್ ಮಾಡಿಕೊಳ್ಳುವವರು ತಾವೇ ಮಾಡಬೇಕಾದ ಕೆಲಸವೇನಾದರೂ ಇದ್ದರೆ ಅದು ಮೊದಲ ಸಾಲಿನಲ್ಲಿಯೇ ಬರಬೇಕು. ಆಮೇಲೆ ಹೊಸದಾಗಿ ಸೇರಿದ್ದು, ಬದಲಾದದ್ದು, ತೆಗೆದುಹಾಕಿದ್ದು, ಸರಿಪಡಿಸಿದ್ದು, ಭದ್ರತೆಗೆ ಸಂಬಂಧಿಸಿದ್ದು ಬರಲಿ. ‘ವಿವಿಧ ಸುಧಾರಣೆಗಳು’ ಎಂದಷ್ಟೇ ಬರೆಯುವುದು ಓದುವವರಿಗೆ ಯಾವ ಸಹಾಯವನ್ನೂ ಮಾಡುವುದಿಲ್ಲ.

ಸೌಲಭ್ಯವೊಂದನ್ನು ಕೈಬಿಡುವುದಾದರೆ ತೆಗೆಯುವ ದಿನದಂದು ಹೇಳುವುದಲ್ಲ, ಬಹಳ ಮೊದಲೇ ಹೇಳಿ, ಬದಲಿಗೆ ಏನು ಬಳಸಬೇಕೆಂಬುದನ್ನೂ ಆ ಎಚ್ಚರಿಕೆಯಲ್ಲಿಯೇ ಬರೆಯಿರಿ. ಪೈಥಾನ್ ಎಂಬ ಪ್ರೋಗ್ರಾಮಿಂಗ್ ಭಾಷೆಯ ಯೋಜನೆಯ ಈಗಿನ ನಿಯಮದಂತೆ, ಒಂದು ಸೌಲಭ್ಯವನ್ನು ತೆಗೆಯುವ ಮೊದಲು ಕನಿಷ್ಠ ಎರಡು ಆವೃತ್ತಿಗಳಲ್ಲಿ ಎಚ್ಚರಿಕೆ ಕಾಣಿಸಬೇಕು. ಅದೇ ಭಾಷೆಯ 3.0 ಆವೃತ್ತಿ ಅನೇಕ ಹಳೆಯ ಬಳಕೆಗಳನ್ನು ಒಟ್ಟಿಗೆ ಮುರಿದು 2008ರ ಡಿಸೆಂಬರ್‌ನಲ್ಲಿ ಬಂತು. ಹಳೆಯ 2ರ ಸಾಲಿಗೆ ಬೆಂಬಲ ನಿಲ್ಲಿಸಲು ಸಾಧ್ಯವಾದದ್ದು 2020ರ ಜನವರಿ 1ಕ್ಕೆ. ಒಂದೇ ಸಲಕ್ಕೆ ಬಹಳಷ್ಟನ್ನು ಬದಲಿಸಿದರೆ ಎರಡು ಆವೃತ್ತಿಗಳನ್ನು ಎಷ್ಟು ಕಾಲ ಹೊರಬೇಕಾಗುತ್ತದೆ ಎಂಬುದನ್ನು ಇದರಿಂದ ಅಂದಾಜು ಮಾಡಬಹುದು.

## ಹಂತ 8: ಎಲ್ಲರಿಗೂ ಒಮ್ಮೆಲೇ ಕಳುಹಿಸಬೇಡಿ

ಮೊದಲು ಅತಿ ಸಣ್ಣ ಗುಂಪಿಗೆ, ಕಾದು ನೋಡಿ ಅದಕ್ಕಿಂತ ದೊಡ್ಡದಕ್ಕೆ, ಹೀಗೆ ಹರಡುತ್ತಾ ಹೋಗಿ. ಆ್ಯಪಲ್‌ನ ಆ್ಯಪ್ ಸ್ಟೋರ್‌ನಲ್ಲಿ ಹಂತಹಂತದ ಬಿಡುಗಡೆಯನ್ನು ಆರಿಸಿಕೊಂಡರೆ ಅಪ್‌ಡೇಟ್ ಏಳು ದಿನಗಳಲ್ಲಿ ಶೇ 1, 2, 5, 10, 20, 50, 100 ಎಂಬ ಪ್ರಮಾಣದಲ್ಲಿ ತಾನಾಗಿ ಹರಡುತ್ತದೆ. ಸ್ವಂತ ವ್ಯವಸ್ಥೆ ಕಟ್ಟುವವರಿಗೂ ಇದು ಒಳ್ಳೆಯ ಅಳತೆ. ಹಂತಗಳ ನಡುವೆ ಎಷ್ಟು ಕಾಯಬೇಕು ಎಂಬುದನ್ನು ಬಳಕೆಯ ರೀತಿ ನಿರ್ಧರಿಸಲಿ. ತಿಂಗಳ ಕೊನೆಯಲ್ಲಿ ಮಾತ್ರ ಓಡುವ ಲೆಕ್ಕಪತ್ರದ ಭಾಗವನ್ನು ಬದಲಿಸಿದ್ದರೆ, ಎರಡು ದಿನ ದೂರು ಬರಲಿಲ್ಲ ಎಂಬುದಕ್ಕೆ ಏನೂ ಅರ್ಥವಿಲ್ಲ.

ಕೋಡ್ ಬದಲಾಗಿಲ್ಲ, ಬರೀ ಸೆಟ್ಟಿಂಗ್ ಅಥವಾ ದತ್ತಾಂಶದ ಫೈಲ್ ಬದಲಾಗಿದೆ ಎಂಬ ಕಾರಣಕ್ಕೆ ಈ ಹಂತವನ್ನು ದಾಟಿಹೋಗಬಾರದು. 2024ರ ಜುಲೈ 19ರಂದು ಭದ್ರತಾ ತಂತ್ರಾಂಶ ಸಂಸ್ಥೆ ಕ್ರೌಡ್‌ಸ್ಟ್ರೈಕ್ ಎಲ್ಲರಿಗೂ ಒಟ್ಟಿಗೆ ಕಳುಹಿಸಿದ್ದು ಅಂತಹದೊಂದು ಫೈಲ್ ಅನ್ನೇ. 78 ನಿಮಿಷಗಳಲ್ಲಿ ಅದನ್ನು ಹಿಂದಕ್ಕೆ ಪಡೆದರೂ, ಮೈಕ್ರೋಸಾಫ್ಟ್‌ನ ಅಂದಾಜಿನಂತೆ 85 ಲಕ್ಷ ವಿಂಡೋಸ್ ಯಂತ್ರಗಳು ಬಾಧಿತವಾದವು, ಮತ್ತು ಆಗಲೇ ಕುಸಿದಿದ್ದ ಬಹಳಷ್ಟು ಯಂತ್ರಗಳನ್ನು ಜನರು ಒಂದೊಂದಾಗಿ ಕೈಯಿಂದಲೇ ಸರಿಪಡಿಸಬೇಕಾಯಿತು.

ಬಿಡುಗಡೆಯಾದ ಮೇಲೆ ಕೆಲವು ಗಂಟೆಗಳಾದರೂ ಗಮನಿಸಲು ಜನ ಇಲ್ಲದ ಹೊತ್ತಿನಲ್ಲಿ ಬಿಡುಗಡೆ ಮಾಡಬೇಡಿ. ದೋಷಗಳ ಪ್ರಮಾಣ, ಪ್ರತಿಕ್ರಿಯೆಯ ವೇಗ, ಅಪ್‌ಡೇಟ್ ಅರ್ಧಕ್ಕೆ ನಿಂತವರ ಸಂಖ್ಯೆ ಇವುಗಳನ್ನು ಹಿಂದಿನ ಆವೃತ್ತಿಯ ಅದೇ ಅವಧಿಯೊಂದಿಗೆ ಹೋಲಿಸಿ.

## ಹಂತ 9: ತುರ್ತು ತಿದ್ದುಪಡಿಯನ್ನು ಮುಖ್ಯ ಕೋಡ್‌ಗೂ ಸೇರಿಸಿ

ತುರ್ತು ತಿದ್ದುಪಡಿಯನ್ನು ಬಿಡುಗಡೆಯಾದ ಟ್ಯಾಗ್‌ನಿಂದ ಕವಲೊಡೆದ ಬ್ರಾಂಚ್‌ನಲ್ಲಿ ಮಾಡಬೇಕು. ಮುಂದಿನ ಆವೃತ್ತಿಯ ಅರ್ಧಂಬರ್ಧ ಕೆಲಸವಿರುವ ಮುಖ್ಯ ಬ್ರಾಂಚ್‌ನಿಂದ ಬಿಲ್ಡ್ ಮಾಡಿದರೆ ಬೇಡದ್ದೂ ಜೊತೆಯಲ್ಲಿ ಹೊರಹೋಗುತ್ತದೆ. ಹೀಗೆ ಮಾಡಿದ ತಿದ್ದುಪಡಿ ಮುಖ್ಯ ಬ್ರಾಂಚ್‌ಗೆ ಸೇರದೆ ಉಳಿದು, ಮುಂದಿನ ಆವೃತ್ತಿಯಲ್ಲಿ ಅದೇ ದೋಷ ಮರಳಿ ಕಾಣಿಸಿಕೊಳ್ಳುವುದು ಅತಿ ಸಾಮಾನ್ಯವಾದ ತಪ್ಪು. ಲಿನಕ್ಸ್ ಕರ್ನಲ್‌ನ ಸ್ಥಿರ ಆವೃತ್ತಿಗಳನ್ನು ನೋಡಿಕೊಳ್ಳುವವರು ಇದಕ್ಕಾಗಿಯೇ, ಮುಖ್ಯ ಸಾಲಿಗೆ ಸೇರಿದ ತಿದ್ದುಪಡಿಯನ್ನು ಮಾತ್ರ ಹಳೆಯ ಸಾಲಿಗೆ ತೆಗೆದುಕೊಳ್ಳುವ ನಿಯಮ ಇಟ್ಟುಕೊಂಡಿದ್ದಾರೆ. ಸಣ್ಣ ಯೋಜನೆಗಳೂ ಇದನ್ನು ಅನುಸರಿಸಬಹುದು. ಗಳಿಗೆ ಕಾಯಲಾಗದ ಸಂದರ್ಭವಿದ್ದರೆ ಎರಡೂ ಕಡೆ ಸೇರುವವರೆಗೆ ಆ ದೂರನ್ನು ಪಟ್ಟಿಯಲ್ಲಿ ಮುಚ್ಚದೆ ತೆರೆದಿಡಿ.

## ಕಂಡೊಡನೆ ನಿಲ್ಲಬೇಕಾದ ಲಕ್ಷಣಗಳು

ಮುಚ್ಚಿದ ದೂರುಗಳು ಅದೇ ರೂಪದಲ್ಲಿ ಮರಳುತ್ತಿದ್ದರೆ ನಾಲ್ಕನೆಯ ಅಥವಾ ಒಂಬತ್ತನೆಯ ಹಂತ ತಪ್ಪಿದೆ. ಬಿಡುಗಡೆಗಳ ನಡುವಿನ ಅಂತರ ಪ್ರತಿ ಸಲವೂ ಹಿಗ್ಗುತ್ತಿದ್ದರೆ, ಒಂದು ಆವೃತ್ತಿಗೆ ಮಿತಿಮೀರಿ ತುಂಬುತ್ತಿದ್ದೀರಿ. ದೂರು ಕೊಡುವವರು ಯಾವ ಆವೃತ್ತಿಯಲ್ಲಿದ್ದಾರೆ ಎಂಬುದು ಎರಡೂ ಕಡೆಯವರಿಗೆ ಗೊತ್ತಾಗದಿದ್ದರೆ, ಆವೃತ್ತಿಸಂಖ್ಯೆಯನ್ನು ಮುಖಪರದೆಯಲ್ಲಿ ಮತ್ತು ತಂತ್ರಾಂಶ ತನ್ನ ಕೆಲಸವನ್ನು ದಾಖಲಿಸುವ ಲಾಗ್‌ನ ಮೊದಲ ಸಾಲಿನಲ್ಲಿ ತೋರಿಸುವ ಕೆಲಸವನ್ನು ಇಂದೇ ಮಾಡಿ.

ಎಲ್ಲಕ್ಕಿಂತ ಗಂಭೀರವಾದದ್ದು, ಹೊಸ ಆವೃತ್ತಿ ಬಂದು ಬಹಳ ಕಾಲವಾದರೂ ಹೆಚ್ಚಿನವರು ಹಳೆಯದರಲ್ಲಿಯೇ ಉಳಿದಿರುವುದು. ಅವರಿಗೆ ನೆನಪಿನ ಸಂದೇಶಗಳನ್ನು ಕಳುಹಿಸುವುದರಿಂದ ಇದು ಸರಿಹೋಗದು. ಮುಂದಿನ ಒಂದು ಆವೃತ್ತಿಯಿಂದ ಹೊಸ ಸೌಲಭ್ಯಗಳನ್ನೆಲ್ಲ ಹೊರಗಿಡಿ. ಹಳೆಯದರಲ್ಲಿ ಉಳಿದಿರುವ ಕೆಲವರನ್ನು ನೇರವಾಗಿ ಕೇಳಿ ಅವರು ಎಲ್ಲಿ ಸಿಕ್ಕಿಕೊಂಡರು ಎಂದು ತಿಳಿದುಕೊಳ್ಳಿ. ಆ ಜಾಗಗಳನ್ನಷ್ಟೇ ಸರಿಪಡಿಸಿ, ಅವರು ಬಳಸುತ್ತಿರುವ ಅದೇ ಹಳೆಯ ಆವೃತ್ತಿಯಿಂದ ದಾಟುವ ಪರೀಕ್ಷೆಯನ್ನು ಆರನೆಯ ಹಂತದ ಪಟ್ಟಿಗೆ ಶಾಶ್ವತವಾಗಿ ಸೇರಿಸಿ, ಆಮೇಲೆ ಬಿಡುಗಡೆ ಮಾಡಿ.